ಬೆಟ್ಟಯ್ಯ ಆಟೋ ಬಿಡಿಸಿಕೊಂಡು ಬಂದದ್ದು

ಒಂದೂರಲ್ಲಿ ಸಾಕಮ್ಮ ಅಂತ ಸೊಪ್ಪು ಮಾರೋಳು. ಅವಳಿಗೊಬ್ಬನೇ ಮಗ, ಬೆಟ್ಟಯ್ಯ. ಕೆಟ್ಟವನಲ್ಲ ಸ್ವಾಮಿ, ಹೇಳಿದ ಮಾತು ಮೀರಿದವನೇ ಅಲ್ಲ. ಬಂದ ತೊಂದರೆಯೇ ಅದು! ಇಪ್ಪತ್ತು ವರ್ಷ ತಲೆ ಮೇಲೆ ಕುಕ್ಕೆ ಹೊತ್ತು ಸಾಕಮ್ಮನ ಕತ್ತು ಸೋತುಹೋಗಿತ್ತು. ಕಿವಿಯ ಓಲೆ ಮಾರಿ ಒಂದು ಹಳೇ ಲಗೇಜ್ ಆಟೋ ತಗೊಂಡಳು. ಇನ್ನು ಮಗ ಓಡಿಸ್ತಾನೆ, ಸೊಪ್ಪು ಸಂತೆಗೆ ಹೋಗುತ್ತೆ, ಕತ್ತಿಗೆ ಸುಖ ಅಂದುಕೊಂಡಳು.

"ಲೇ ಬೆಟ್ಟಾ, ಆಟೋದ ಕಾಗದ ಸೀಟಿನ ಕೆಳಗಿಟ್ಟಿವ್ನಿ. ಜೋಪಾನ! ಯಾರು ಕೇಳಿದ್ರೂ ಕೊಡಬೇಡ!"

"ಆಗ್ಲಿ ಕಣವ್ವಾ."

ಮಾರನೇ ದಿನವೇ ಪೊಲೀಸರು ಅಡ್ಡ ಹಾಕಿದರು.

"ಕಾಗದ ಇದೆಯೇನಯ್ಯಾ?"

"ಇದೆ ಸ್ವಾಮಿ."

"ಕೊಡು ಮತ್ತೆ!"

"ಕೊಡಲ್ಲ ಸ್ವಾಮಿ. ಯಾರು ಕೇಳಿದ್ರೂ ಕೊಡಬೇಡ ಅಂದವಳೆ ನಮ್ಮವ್ವ."

ಆಟೋ ಸ್ಟೇಷನ್ ಸೇರಿತು. ಬೆಟ್ಟಯ್ಯ ಕಾಗದ ಎದೆಗೆ ಅವುಚಿಕೊಂಡು ನಡೆದು ಬಂದ.

ಸಾಕಮ್ಮ ಹಣೆ ಚಚ್ಚಿಕೊಂಡಳು. "ಅಯ್ಯೋ ನನ್ನ ಹಣೇಬರವೇ! ಕೇಳಿದೋರಿಗೆ ಕೊಡಬೇಕು ಕಣ್ಲಾ! ಈಗ ಕೋರ್ಟಿಂದಲೇ ಬಿಡಿಸಬೇಕು. ವಕೀಲರ ಹತ್ರ ಓಡು!"

ಓಡಿದ. ಕೋರ್ಟಿನ ಗೇಟಲ್ಲಿ ಕಡಲೆಕಾಯಿ ಮಾರೋ ಮುದುಕ, "ಪೊಟ್ಟಣ ಕಟ್ಟೋಕೆ ಕಾಗದ ಇದ್ರೆ ಕೊಡಪ್ಪಾ" ಅಂದ. ಕೇಳಿದೋರಿಗೆ ಕೊಡಬೇಕಲ್ಲ, ಕೊಟ್ಟ! ಬರಿಗೈಲಿ ಬಂದವನ ಮಾತು ಕೇಳಿ ವಕೀಲ ನರಹರಿರಾಯರು ಗೇಟಿಗೆ ಓಡಿ, ಯಾರೋ ತಿನ್ನುತ್ತಿದ್ದ ಕಡಲೆಕಾಯಿ ಸುರಿದು, ಆಟೋದ ಇನ್ಶೂರೆನ್ಸ್ ಕಿತ್ತುಕೊಂಡು ಬಂದರು.

"ನೀನು ಯಾರಿಗೂ ಏನೂ ಕೊಡಬೇಡ ಮಾರಾಯ! ಸುಮ್ನೆ ಹೊರಗೆ ಕೂತ್ಕೋ. ಜವಾನ ಹೆಸರು ಕೂಗ್ತಾನೆ. ಕೂಗಿದ ತಕ್ಷಣ 'ಬಂದೆ ಸ್ವಾಮಿ' ಅಂತ ಕೈ ಮುಗಿದು ಒಳಗೆ ಬಾ. ಅಷ್ಟೇ!"

ಜವಾನ ಕುರಿ ಕದ್ದ ಜವರಪ್ಪನ ಹೆಸರು ಕೂಗಿದ. "ಬಂದೆ ಸ್ವಾಮಿ!" ಬೆಟ್ಟಯ್ಯ ಹೋಗಿ ಕೈ ಮುಗಿದ. ಆಚೆಗೆ ತಳ್ಳಿದರು. ಗಂಡನಿಂದ ಜೀವನಾಂಶ ಕೇಳಿದ್ದ ಪುಟ್ಟಲಕ್ಷ್ಮಿಯ ಹೆಸರು ಕೂಗಿದ. "ಬಂದೆ ಸ್ವಾಮಿ!" ಮತ್ತೆ ಕೈ ಮುಗಿದ. ಪುಟ್ಟಲಕ್ಷ್ಮಿಯ ಗಂಡ ಇವನ ಮೀಸೆ ನೋಡಿ ಬೆವೆತುಬಿಟ್ಟ.

ರಾಯರು ಹಲ್ಲು ಕಡಿದರು. "ನಿನ್ನ ಬುದ್ಧಿ ಉಪಯೋಗಿಸಲೇಬೇಡ! ಜಡ್ಜು ಸಾಹೇಬರು ಏನು ಹೇಳ್ತಾರೋ ಅದನ್ನ ಮಾಡು. ಕೂದಲೆಳೆಯಷ್ಟೂ ಆಚೀಚೆ ಆಗಬಾರದು!"

"ಆಗ್ಲಿ ಬುದ್ಧೀ."

ಕೊನೆಗೂ ಅವನ ಸರದಿ ಬಂತು. ಜಡ್ಜು ಸಾಹೇಬರು ಪೊಲೀಸರು ತೆಗೆದಿದ್ದ ಆಟೋದ ಫೋಟೋ ತೋರಿಸಿ ಹೇಳಿದರು: "ಗಾಡಿ ಬಿಟ್ಟುಕೊಡಿ. ನೋಡಪ್ಪಾ, ಕೇಸು ಮುಗಿಯೋವರೆಗೂ ಈ ಫೋಟೋದಲ್ಲಿ ಹೇಗಿದೆಯೋ ಹಾಗೇ ಇರಬೇಕು. ಏನೂ ಬದಲಾಗಬಾರದು."

ಬೆಟ್ಟಯ್ಯ ಫೋಟೋ ಚೆನ್ನಾಗಿ ನೋಡಿಕೊಂಡ.

ಸುದ್ದಿ ಕೇಳಿ ಸಾಕಮ್ಮ ಆರತಿ ತಟ್ಟೆ ಹಿಡಿದು ಬೀದಿಗೆ ಬಂದಳು. ಆಟೋ ಬಂತು! ಹಿಂದೆ ಸಾಮಾನು ತುಂಬೋ ತೊಟ್ಟಿಯಲ್ಲಿ ಪೊಲೀಸ್ ಪೇದೆ ಹನುಮೇಗೌಡ, "ನಿಲ್ಲಿಸೋ! ನಿಲ್ಲಿಸೋ!" ಅಂತ ಬಾಯಿ ಬಡ್ಕೋತಿದ್ದಾನೆ.

"ಇದ್ಯಾರ್ಲಾ ಇದು!"

"ಫೋಟೋದಲ್ಲಿ ತೊಟ್ಟೀಲಿ ಕೂತಿದ್ರು ಕಣವ್ವಾ. ಇವತ್ತೂ ಉಂಡು ಅಲ್ಲೇ ತೂಕಡಿಸ್ತಿದ್ರು. ಏನೂ ಬದಲಾಗಬಾರದು ಅಂದವ್ರೆ ಜಡ್ಜು ಸಾಹೇಬ್ರು. ಹಂಗೇ ತಂದೆ!"

ಪೊಲೀಸರನ್ನೇ ಹೊತ್ತುಕೊಂಡು ಹೋದ ಅಂತ ಇನ್ನೊಂದು ಕೇಸು. ಆಟೋ ಮತ್ತೆ ಸ್ಟೇಷನ್ ಸೇರಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ, ಪಾಪ.

ಬೆಳಿಗ್ಗೆ ಸಾಕಮ್ಮ ಮತ್ತೆ ಸೊಪ್ಪಿನ ಕುಕ್ಕೆ ಹೊತ್ತು ಸಂತೆಗೆ ಹೊರಟವಳು, ಸ್ಟೇಷನ್ ಮುಂದೆ ನಿಂತಿದ್ದ ಆಟೋ ಕಂಡು ಹತ್ತಿರ ಹೋಗಿ ಅದರ ಮೈ ಸವರಿದಳು. ಅದೇ ಹೊತ್ತಿಗೆ ಪೊಲೀಸರು ಹೊಸ ಕೇಸಿಗೆ ಅಂತ ಆಟೋದ ಹೊಸ ಫೋಟೋ ತೆಗೆದರು. ಕತ್ತು ಉಳುಕಿತು ಅಂತ ಕುಕ್ಕೆ ಇಳಿಸೋಕೆ ಹೋದಳು. ಹಿಂದೆಯೇ ಬರುತ್ತಿದ್ದ ಬೆಟ್ಟಯ್ಯ ಓಡಿ ಬಂದು ಎರಡೂ ಕೈಯಲ್ಲಿ ಕುಕ್ಕೆ ಒತ್ತಿ ಹಿಡಿದ.

"ಇಳಿಸಬೇಡ ಕಣವ್ವಾ! ಫೋಟೋದಲ್ಲಿ ಹೊತ್ಕೊಂಡಿದ್ದೀಯ! ಕೇಸು ಮುಗೀಲಿ!"