ಕಿವಿ ಮುರಿದ ಅಚ್ಚು

ಶಿಷ್ಯನು ಗುರುಗಳ ಮುಂದೆ ನಾಲ್ಕು ಹಾಳೆಗಳನ್ನು ಹರಡಿ ಕೇಳಿದನು: “ಗುರುಗಳೇ, ಬೇರೆ ಊರಿಗೆ ಹೋಗಿ ಪಾಠಶಾಲೆ ತೆರೆಯುತ್ತಿದ್ದೇನೆ. ಬಾಗಿಲ ಮೇಲೆ ಹೆಸರು ಬರೆಸಬೇಕು. ದೊಡ್ಡ ಮನೆಯವರೂ ಮಕ್ಕಳನ್ನು ಕಳಿಸುವಂತಿರಬೇಕು. ಈ ನಾಲ್ಕು ಬಗೆಯ ಅಕ್ಷರಗಳಲ್ಲಿ ಯಾವುದನ್ನು ಆರಿಸಲಿ? ಒಂದು ವಾರದಿಂದ ತಲೆ ಕೆಟ್ಟಿದೆ.”

ಗುರುಗಳು ಹಾಳೆಗಳನ್ನು ನೋಡಲಿಲ್ಲ. ಹೇಳಿದರು:

ಒಬ್ಬ ರೇಷ್ಮೆ ವ್ಯಾಪಾರಿಯಿದ್ದನು. ಅವನ ಸೀರೆಗಳು ಅರಮನೆಗೆ ಹೋಗುತ್ತಿದ್ದವು. ಸೀರೆ ಕಟ್ಟುವ ಬಿಳಿ ಬಟ್ಟೆಯ ಮೇಲೆ ಮನೆತನದ ಹೆಸರನ್ನು ಅಚ್ಚು ಒತ್ತಿ ಕಳಿಸುವುದು ರೂಢಿ. ಮರದ ಅಚ್ಚು ಅಜ್ಜನ ಕಾಲದ್ದು. ಸವೆದಿತ್ತು, ಕೊನೆಯ ಅಕ್ಷರದ ಕಿವಿಯಂಥ ತುದಿ ಮುರಿದಿತ್ತು.

ಒಂದು ದಿನ ಪಕ್ಕದ ಅಂಗಡಿಯವನು ನಕ್ಕನು: “ಏನಪ್ಪಾ, ಅರಮನೆಯ ಸೀರೆಗೆ ಬೆಲ್ಲದ ಮೂಟೆಯ ಅಕ್ಷರವೇ?”

ವ್ಯಾಪಾರಿಗೆ ನಾಚಿಕೆಯಾಯಿತು. ಅಚ್ಚು ಕೆತ್ತುವವನ ಬಳಿಗೆ ಹೋದನು. ಅವನು ಬಳ್ಳಿಯಂತೆ ಸುತ್ತಿದ ಅಕ್ಷರ ಬರೆದು ತೋರಿಸಿದನು. ಮುತ್ತು ಪೋಣಿಸಿದಂಥದ್ದನ್ನು, ನವಿಲಿನ ಕೊರಳಿನಂಥದ್ದನ್ನು ತೋರಿಸಿದನು. ವ್ಯಾಪಾರಿ ಬೆಳಿಗ್ಗೆ ಬಳ್ಳಿ ಎಂದನು, ಮಧ್ಯಾಹ್ನ ಮುತ್ತು ಎಂದನು. ಹೆಂಡತಿಯನ್ನು ಕೇಳಿದರೆ ಅವಳು, “ಇದರಲ್ಲಿ ಹೆಸರು ಎಲ್ಲಿದೆ?” ಎಂದಳು. ಕೊನೆಗೆ ಬೇಸತ್ತು ಬಳ್ಳಿಯನ್ನೇ ಆರಿಸಿದನು. ಹೊಸ ಮರ ಇನ್ನೂ ಹಸಿಯಾಗಿತ್ತು. ಆದ್ದರಿಂದ ಹಳೆಯ ಅಚ್ಚನ್ನೇ ಹೆರೆದು, ಅದರ ಮೇಲೆ ಹೊಸದನ್ನು ಕೆತ್ತಿಸಿದನು.

ತಿಂಗಳೊಳಗೆ, ಅರಮನೆಯ ಸೀರೆಗಳನ್ನು ನೋಡಿಕೊಳ್ಳುವ ಮುದುಕಿ ಗಂಟನ್ನು ಬಿಚ್ಚದೆ ವಾಪಸು ತಂದಳು. ಅವಳಿಗೆ ಓದು ಬಾರದು.

“ಯಾರೋ ಕಳ್ಳರು ನಿನ್ನ ಹೆಸರಲ್ಲಿ ಮಾಲು ಕಳಿಸಿದ್ದಾರೆ, ಮಗಾ. ನಿಮ್ಮ ಅಚ್ಚಿಗೆ ಕಿವಿ ಮುರಿದಿರುತ್ತದೆ. ನನಗೆ ಗೊತ್ತಿಲ್ಲವೇ?”

“ಅಮ್ಮಾ, ಇದು ನನ್ನದೇ.”

“ಇದು ನಿನ್ನದಾದರೆ, ಇಷ್ಟು ವರ್ಷ ಬಂದದ್ದು ಯಾರದು?”

ಅರಮನೆಯ ಮದುವೆ ಹತ್ತಿರದಲ್ಲಿತ್ತು. ವ್ಯಾಪಾರಿ ಕೆತ್ತುವವನ ಬಳಿಗೆ ಓಡಿ, ಹಳೆಯ ಅಕ್ಷರವನ್ನೇ ಮತ್ತೆ ಕೆತ್ತಿಕೊಡು ಎಂದು ಬೇಡಿದನು. ಕೆತ್ತುವವನು ಮೂರು ಸಲ ಕೆತ್ತಿದನು, ಮೂರು ಸಲವೂ ತುದಿ ಮುರಿದನು. ಮೂರನ್ನೂ ನೋಡಿ ಮುದುಕಿ, “ಇದಲ್ಲ” ಎಂದಳು. ಮದುವೆಯ ಸೀರೆಗಳು ಬೇರೆ ಅಂಗಡಿಯಿಂದ ಹೋದವು.

ಕೆತ್ತುವವನು ಉಳಿ ಕೆಳಗಿಟ್ಟು ಹೇಳಿದನು: “ಕೆತ್ತುವುದು ನನಗೆ ಗೊತ್ತು ಸ್ವಾಮಿ. ಸವೆಸುವುದು ಗೊತ್ತಿಲ್ಲ.”

ಕತೆ ಮುಗಿಯಿತು. ಶಿಷ್ಯನ ಗೊಂದಲ ಮೊದಲಿಗಿಂತ ಹೆಚ್ಚಾಯಿತು. ಹಾಳೆಗಳನ್ನು ಒಮ್ಮೆ ನೋಡಿದನು, ಗುರುಗಳನ್ನು ಒಮ್ಮೆ ನೋಡಿದನು.

“ಹಾಗಾದರೆ ಈ ನಾಲ್ಕರಲ್ಲಿ ಯಾವುದು, ಗುರುಗಳೇ?”

“ಯಾವುದಾದರೂ ಆಗಲಿ, ಅದು ಸವೆಯುವ ತನಕ ನೀನು ಆ ಬಾಗಿಲಲ್ಲಿ ಇರುತ್ತೀಯಾ?”