ಕೇಳದೆಯೇ ಕೂತ ಗಗನಯಾತ್ರಿ

ಹುಬ್ಬಳ್ಳಿಯ ಒಂದು ದೊಡ್ಡ ಸೀರೆ ಅಂಗಡಿಯಲ್ಲಿ ಈರಪ್ಪ ಎಂಬ ಮೇಲ್ವಿಚಾರಕನಿದ್ದ. ಸೀರೆ ತೋರಿಸುವ ಆರು ಜನ ಹೆಂಗಸರು ಅವನ ಕೈಕೆಳಗೆ. ಬೆಳಿಗ್ಗೆ ಹತ್ತರಿಂದ ಸಂಜೆ ಏಳರವರೆಗೆ ಅವರು ನಿಂತೇ ಇರಬೇಕು. ಗಿರಾಕಿ ಇದ್ದರೂ ನಿಲ್ಲಬೇಕು, ಇಲ್ಲದಿದ್ದರೂ ನಿಲ್ಲಬೇಕು. ಇದು ಮಾಲೀಕರ ರೂಲು ಎಂದು ಹೇಳಿ, ಕೂತವರ ಹೆಸರನ್ನು ಈರಪ್ಪ ಬರೆದುಕೊಳ್ಳುತ್ತಿದ್ದ. ಮೂರು ಸಲ ಹೆಸರು ಬಂದರೆ ಕೆಲಸ ಹೋಯಿತು.

ಈರಪ್ಪ ಮಾತ್ರ ಕುರ್ಚಿಯಲ್ಲಿ ಕೂತು ಮೊಬೈಲಿನಲ್ಲಿ ಒಂದು ಆಟ ಆಡುತ್ತಿದ್ದ. ಅದರಲ್ಲೊಬ್ಬ ಗಗನಯಾತ್ರಿ. ಅವನು ದೂರದ ಗ್ರಹಗಳಲ್ಲಿ ಅಲೆದು ಅಪರೂಪದ ಕಲ್ಲು ಆರಿಸಿ ನೌಕೆಗೆ ತರಬೇಕು. ಪರದೆಯ ಮೂಲೆಯಲ್ಲಿ ಒಂದು ಹಸಿರು ಗೆರೆ. ಅದು ಗಗನಯಾತ್ರಿಯ ದಮ್ಮು. ಓಡಿಸಿದರೆ ಗೆರೆ ಕುಗ್ಗುತ್ತದೆ, ಕೂರಿಸಿದರೆ ಬೆಳೆಯುತ್ತದೆ. ದಮ್ಮು ಪೂರ್ತಿ ಮುಗಿದರೆ ಅವನು ಕುಸಿದು ಬೀಳುತ್ತಾನೆ, ಆರಿಸಿದ್ದೆಲ್ಲ ಹೋಗುತ್ತದೆ.

ಒಂದು ಮಧ್ಯಾಹ್ನ ಅಂಗಡಿಯಲ್ಲಿ ಒಬ್ಬ ಗಿರಾಕಿಯೂ ಇರಲಿಲ್ಲ. ಆ ಆರು ಜನರಲ್ಲಿ ಹಿರಿಯಳಾದ ನೀಲವ್ವ ಅವನ ಬಳಿ ಬಂದಳು. ಕಾಲು ಬಾತು, ಚಪ್ಪಲಿಯ ಪಟ್ಟಿ ಚರ್ಮದಲ್ಲಿ ಹೂತಿತ್ತು.

“ಸರ್, ಐದ್ ನಿಮಿಷ ಕುಂದರ್ಲೇನ್ರಿ? ಕಾಲು ಭಾಳ ನೋಯಾಕತ್ತಾವ್ರಿ.”

“ಯಾಕ, ಮದುಮಗಳ ಕಾಲೇನು ನಿಂದು?” ಎಂದ ಈರಪ್ಪ, ಪರದೆಯಿಂದ ಕಣ್ಣೆತ್ತದೆ. “ಆಗಲೇ ಎರಡ್ ಸಲ ಹೆಸರು ಬಂದೈತಿ. ಇನ್ನೊಮ್ಮೆ ಬಂದ್ರ ಮನ್ಯಾಗ ಕಾಯಂ ಕುಂದರಬಹುದು.”

ಅಷ್ಟರಲ್ಲಿ ಮಾಲೀಕರು ಮಹಡಿಯಿಂದ ಈರಪ್ಪನನ್ನು ಕರೆದರು. ಗಗನಯಾತ್ರಿ ನೌಕೆಗೆ ಮರಳುವವರೆಗೆ ನಡುವೆ ನಿಲ್ಲಿಸಲು ಬರುವ ಆಟವಲ್ಲ ಅದು. ಅವನು ಮೊಬೈಲನ್ನು ನೀಲವ್ವನ ಕೈಗಿಟ್ಟ.

“ಇಂವನ್ನ ಓಡಸಬ್ಯಾಡ, ಮೆಲ್ಲಕ ನಡಸು. ಗೆರಿ ಕೆಂಪಾತಂದ್ರ ಇಲ್ಲಿ ಒತ್ತು, ಕುಂದರ್ತಾನ. ಗುಡ್ಡ ಹತ್ತೂ ಮುಂದ ಒಮ್ಮೆ ಕುಂದರ್ಸು. ಬಿದ್ದ ಅಂದ್ರ ನೋಡ್ಕೋ! ಎಂಟು ದಿನ ಕಷ್ಟಪಟ್ಟಾನ ಪಾಪ.”

ಅರ್ಧ ಗಂಟೆ ಬಿಟ್ಟು ಅವನು ಇಳಿದು ಬಂದ. ನೀಲವ್ವ ಅದೇ ಜಾಗದಲ್ಲಿ ನಿಂತಿದ್ದಳು, ಒಂದು ಕಾಲಿನ ಭಾರ ಇನ್ನೊಂದಕ್ಕೆ ಹಾಕುತ್ತ. ಪಕ್ಕದಲ್ಲೇ ಅವನ ಕುರ್ಚಿ ಖಾಲಿ ಇತ್ತು.

“ಅದಾನೇನು?”

“ಅದಾನ್ರಿ. ನಾಕ್ ಸಲ ಕುಂದರ್ಸೀನಿ.” ಮೊಬೈಲು ಕೊಡುತ್ತ ಆಕೆ ಹೇಳಿದಳು: “ಅಂವ ಒಮ್ಮೆನೂ ಕೇಳ್ಲಿಲ್ರಿ. ಆದ್ರೂ ಕುಂದರ್ಸಿದೆ.”

ಆಕೆ ಚುಚ್ಚಿ ಆಡಿದ ಮಾತಲ್ಲ. ಒಪ್ಪಿಸಿದ ಕೆಲಸದ ವರದಿ ಕೊಟ್ಟಳು, ಅಷ್ಟೆ. ಬೈದಿದ್ದರೆ ಈರಪ್ಪ ತಿರುಗಿ ಬೈಯುತ್ತಿದ್ದ. ಈಗ ಅವನಿಗೆ ಮುಖ ಎಲ್ಲಿಟ್ಟುಕೊಳ್ಳಬೇಕೋ ತಿಳಿಯಲಿಲ್ಲ.

ಅವನು ಗಿರಾಕಿಗಳ ಕಡೆಯಿದ್ದ ಆರು ಸ್ಟೂಲು ಎತ್ತಿ ತಂದು ಹೆಂಗಸರ ಹಿಂದೆ ಇಟ್ಟ.

“ಕುಂದರ್ರಿ ಎಲ್ಲಾರೂ.”

ಒಬ್ಬರೂ ಕೂರಲಿಲ್ಲ. ಒಬ್ಬರ ಮುಖ ಒಬ್ಬರು ನೋಡಿದರು. ಎಲ್ಲರಿಗಿಂತ ಕಿರಿಯಳು ಕೈ ಮುಗಿದಳು.

“ಬ್ಯಾಡ್ರಿ ಸರ್. ನಾವು ಚಂದಾಗೇ ನಿಂತೀವಲ್ಲ? ಹೆಸರು ಬರೀಬ್ಯಾಡ್ರಿ.”

ಈರಪ್ಪನ ತಲೆ ಪೂರ್ತಿ ಬಗ್ಗಿತು. ತಾನು ಕೂರಿಸಲು ಹೋದರೂ ಹೆದರುವಷ್ಟು ಈ ಜನರನ್ನು ಹೆದರಿಸಿಟ್ಟಿದ್ದ.

“ಹೆಸರು ಬರ್ಯೂದಿಲ್ಲ,” ಎಂದ ಸಣ್ಣ ದನಿಯಲ್ಲಿ. “ಮಾಲಕರ ರೂಲು ಅಂತ ಹೇಳಿದ್ದು ಸುಳ್ಳು. ಅವ್ರು ಎಂದೂ ಹೇಳಿಲ್ಲ. ನಾನ ಮಾಡಿದ್ದು. ನಂದ ತಪ್ಪು.”

ನೀಲವ್ವ ಮೆಲ್ಲಗೆ ಸ್ಟೂಲಿನ ಮೇಲೆ ಕೂತಳು. ಚಪ್ಪಲಿ ಬಿಚ್ಚಿ ಕಾಲು ಉಜ್ಜಿಕೊಂಡಳು. ಆಮೇಲೆ ತಲೆಯೆತ್ತಿ ಕೇಳಿದಳು:

“ಹನ್ನೊಂದು ವರ್ಷ ಸುಮ್ನ ನಿಂತ್ನೇನ್ರಿ ಸರ್, ಹಂಗಾರ?”

ನೀತಿ: ದುಡಿಯುವವರ ದಣಿವು ತಿಳಿಯಲು ಪರದೆಯ ಮೇಲಿನ ಗೆರೆ ಬೇಕಿಲ್ಲ, ತಲೆಯೆತ್ತಿ ನೋಡಿದರೆ ಸಾಕು. ಅವರು ಕೈಮುಗಿದು ಕೇಳುವವರೆಗೆ ಕಾಯುವುದೇ ಅನ್ಯಾಯ. ಕೇಳಿದ ಮೇಲೂ ಕೊಡದವನು ನಾಚಬೇಕು. ಅವರನ್ನು ನಿಲ್ಲಿಸಿ, ಎದುರಿಗೆ ಆರಾಮಾಗಿ ಕೂತು ಸೀರೆ ಆರಿಸಿದ ನಾವೂ ನಾಚಬೇಕು.