ಬೂಟಿನ ಎತ್ತರಕ್ಕೆ ಉಟ್ಟ ಸೀರೆ

ಶಿವಲೀಲಾಳ ಹತ್ತಿರ ಪಾದದ ಗಂಟಿನ ತನಕ ಬರುವ ಬೂಟಿನ ಜೋಡಿ ಇತ್ತು ನೋಡ್ರಿ. ಹಿಮ್ಮಡಿ ನಾಲ್ಕು ಬೆರಳು ಎತ್ತರ, ಸೊಕ್ಕು ಅದಕ್ಕಿಂತ ಎತ್ತರ. ಚಿಕ್ಕಮ್ಮನ ಮದುವೆಯ ಬೆಳಿಗ್ಗೆ ಅದು ಇಳಕಲ್ ಸೀರೆಗೆ ಹೇಳಿತು: "ಜೀನ್ಸಿಗೆ ಒಪ್ಪಿದೆ, ಫ್ರಾಕಿಗೆ ಒಪ್ಪಿದೆ. ನಿನಗೂ ಒಪ್ಪುತ್ತೇನೆ, ಅಕ್ಕಾ."

ಹತ್ತು ವರ್ಷ ಪೆಟ್ಟಿಗೆಯಲ್ಲಿ ಮಲಗಿದ್ದ ಸೀರೆಗೆ ಇದೊಂದೇ ಮೆರೆಯುವ ದಿನ. "ಬೀಗರ ಮುಂದೆ ನನ್ನ ಮಾನ ಕಳೀಬೇಡಪ್ಪಾ," ಎಂದಿತು.

"ನನ್ನ ಎತ್ತರಕ್ಕೆ ಸರಿಯಾಗಿ ನಿಲ್ಲು. ಉಳಿದದ್ದು ನನಗೆ ಬಿಡು."

ಶಿವಲೀಲಾ ಬೂಟು ಮೆಟ್ಟಿಕೊಂಡೇ ನೆರಿಗೆ ಹಿಡಿದಳು, ಪಿನ್ನು ಚುಚ್ಚಿದಳು. ಕನ್ನಡಿಯೂ ಭೇಷ್ ಅಂದಿತು.

ಆದರೆ ಮದುವೆ ಮಂಟಪದೊಳಗೆ ಬೂಟು ಹಾಕಿಕೊಂಡು ಯಾರು ಹೋಗುತ್ತಾರೆ? ಬಾಗಿಲಲ್ಲೇ ಬಿಚ್ಚಿದಳು. ಸೀರೆ ನಾಲ್ಕು ಬೆರಳು ನೆಲಕ್ಕೆ ಬಿತ್ತು. ಅಕ್ಷತೆ, ಹೂವಿನ ಎಸಳು, ಯಾರೋ ಉಗುಳಿದ ಅಡಿಕೆ ಚೂರು, ಎಲ್ಲವನ್ನೂ ಎಳೆದುಕೊಂಡು ಬೀಗರ ಎದುರೇ ನಡೆಯಿತು.

"ಎಲ್ಲಿ ಸತ್ತೆಯೋ?" ಎಂದು ಸೀರೆ ಕೂಗಿತು.

"ಹೊರಗೇ ಇದ್ದೇನಕ್ಕಾ. ನನ್ನನ್ನು ಒಳಗೆ ಬಿಡೋದಿಲ್ಲ."

ಮೂಲೆಯಲ್ಲಿದ್ದ ಕಸಬರಿಗೆ ಕಾಲು ಚಾಚಿ ಕೂತಿತು. "ಪುಣ್ಯಾತಗಿತ್ತಿ, ಇವತ್ತು ನನಗೆ ರಜೆ ಕೊಟ್ಟೆ. ಆ ಊಟದ ಪಂಕ್ತಿ ಕಡೆಗೂ ಒಂದು ಸುತ್ತು ಹೋಗಿ ಬಾರವ್ವ."